ಕಾಸರಗೋಡಿನ ಕಾರ್ಖಾನೆಗೆ ಹೈಕೋರ್ಟಿನಿಂದ ಪೊಲೀಸ್ ರಕ್ಷಣೆ: ಯಾವುದು ಮೊದಲು, ಯಾವುದು ಆಮೇಲೆ

ಹೋದ ಮಳೆಗಾಲದಲ್ಲಿ ಬದಿಯಡ್ಕ ಕಡೆಯ ಹಾಳೆತಟ್ಟೆ ಘಟಕದ ಮಾಲಕರೊಬ್ಬರು ದಪ್ಪ ಫೈಲು ಹಿಡಿದು ಬಂದರು. 40 ಪುಟ. ಅದರಲ್ಲಿ 38 ಪುಟ ಯೂನಿಯನ್‌ನವರ ಸ್ವಭಾವದ ವರ್ಣನೆ. ಲಾರಿ ತಡೆದದ್ದು ಯಾವ ದಿನ, ಎಷ್ಟು ಗಂಟೆಗೆ, ಅಡ್ಡ ನಿಂತವರು ಯಾರು ಎಂಬುದು ಹುಡುಕಿದರೂ ಸಿಗಲಿಲ್ಲ. ಠಾಣೆಗೆ ದೂರು ಕೊಟ್ಟಿದ್ದೀರಾ ಎಂದರೆ, "ಎಸ್‌ಐಗೆ ಫೋನಿನಲ್ಲಿ ಹೇಳಿದ್ದೇನಲ್ಲ" ಎಂದರು.

ವಿದ್ಯಾನಗರದ ಕೋರ್ಟಿನ ಆಸುಪಾಸಿನಲ್ಲಿ ಕನ್ನಡ, ಮಲಯಾಳ ಕಾಗದಗಳನ್ನು ಇಂಗ್ಲಿಷಿಗೆ ಮಾಡಿಕೊಡುವುದು ನನ್ನ ಕೆಲಸ. ವಕೀಲನಲ್ಲ. ಆದರೆ ಕೇರಳ ಹೈಕೋರ್ಟು ಇರುವ ಎರ್ನಾಕುಳಂಗೆ ಹೋದ ಫೈಲು ಯಾಕೆ ಬರಿಗೈಯಲ್ಲಿ ವಾಪಸು ಬರುತ್ತದೆ ಎಂಬುದು ಹತ್ತಾರು ಸಲ ನೋಡಿ ಗೊತ್ತಾಗಿದೆ. ಹೆಚ್ಚಿನವರು ಸೋಲುವುದು ಕಾನೂನಿನಲ್ಲಿ ಅಲ್ಲ, ಕ್ರಮದಲ್ಲಿ. ಐದನೆಯ ಮೆಟ್ಟಿಲು ಮೊದಲು ಹತ್ತಲು ಹೋಗುತ್ತಾರೆ. ಇನ್ನೊಂದು: ಹೈಕೋರ್ಟು ನಿಮ್ಮ ಗೇಟು ತೆರೆಸೀತು, ನಿಮ್ಮ ಜಗಳ ತೀರಿಸದು. ಈ ಎರಡನ್ನೂ ಒಂದೇ ಎಂದುಕೊಂಡವರ ಅರ್ಜಿ ನಿಲ್ಲುವುದಿಲ್ಲ.

ಹಂತ 1: ಗೇಟಿನಲ್ಲಿ ನಿಂತವರು ಯಾರು?

ಮೂರು ಬೇರೆ ಬೇರೆ ಜಗಳಗಳನ್ನು ನಮ್ಮಲ್ಲಿ ಒಂದೇ ಹೆಸರಿನಿಂದ, "ಯೂನಿಯನ್ ಗಲಾಟೆ" ಎಂದು ಕರೆಯುತ್ತಾರೆ. ದಾರಿ ತಪ್ಪುವುದು ಇಲ್ಲೇ.

ಒಂದು, ನಿಮ್ಮದೇ ಕೆಲಸಗಾರರು. ಸಂಬಳ, ಬೋನಸ್, ಒಬ್ಬನನ್ನು ಕೆಲಸದಿಂದ ತೆಗೆದದ್ದು, ಇಂಥ ಕಾರಣಕ್ಕೆ ಮುಷ್ಕರ ಹೂಡಿ ಗೇಟಿನ ಮುಂದೆ ಕುಳಿತವರು. ನಿಯಮದಂತೆ ಮುಷ್ಕರ ಹೂಡುವುದಾಗಲಿ, ಶಾಂತವಾಗಿ ಕುಳಿತು ಘೋಷಣೆ ಕೂಗುವುದಾಗಲಿ ಅಪರಾಧವಲ್ಲ. ಕೆಲಸಕ್ಕೆ ಬರಲು ಒಪ್ಪಿದವನನ್ನು ತಡೆಯುವುದು, ಲಾರಿಗೆ ಅಡ್ಡ ಮಲಗುವುದು, ಮ್ಯಾನೇಜರನ್ನು ಕೋಣೆಯಲ್ಲಿ ಕೂಡಿಹಾಕುವುದು ಅಪರಾಧ. ಘೇರಾವ್ ಹೆಸರಿನಲ್ಲಿ ಜನರನ್ನು ಕೂಡಿಹಾಕಿದರೆ ಕಾರ್ಮಿಕ ಕಾನೂನಿನ ರಕ್ಷಣೆ ಸಿಗದು ಎಂದು ಕಲ್ಕತ್ತಾ ಹೈಕೋರ್ಟು 1960ರ ದಶಕದಲ್ಲೇ ಹೇಳಿದೆ.

ಎರಡು, ಹೊರೆ ಕಾರ್ಮಿಕರು. ಇವರು ನಿಮ್ಮ ನೌಕರರಲ್ಲ, ಲೋಡಿಂಗ್-ಅನ್‌ಲೋಡಿಂಗ್ ನಮ್ಮ ಹಕ್ಕು ಎನ್ನುವವರು. ಇದಕ್ಕೆ ಕೇರಳದಲ್ಲಿ 1978ರ ಹೊರೆ ಕಾರ್ಮಿಕರ ಕಾಯಿದೆ ಇದೆ, 1983ರ ಯೋಜನೆ ಇದೆ. ಗಡಿಯಾಚೆ ದಕ್ಷಿಣ ಕನ್ನಡದಲ್ಲಿ ಈ ಕಾಯಿದೆ ಇಲ್ಲ. ಮಂಗಳೂರಿನಿಂದ ಬಂದು ಇಲ್ಲಿ ಶೆಡ್ ಹಾಕಿದವರು ಬೆಚ್ಚಿಬೀಳುವುದು ಇದಕ್ಕೇ. ಮೊದಲು ತಿಳಿಯಬೇಕಾದದ್ದು: ನಿಮ್ಮ ಜಾಗ ಆ ಯೋಜನೆಯ ವ್ಯಾಪ್ತಿಯಲ್ಲಿ ಇದೆಯೇ? ಇದ್ದರೆ ನೋಂದಾಯಿತ ಹೊರೆ ಕಾರ್ಮಿಕರನ್ನು ಕಡೆಗಣಿಸಿ ಯಾರನ್ನೋ ಕರೆತಂದು ಲೋಡ್ ಮಾಡಿಸುವಂತಿಲ್ಲ. ಆದರೆ ನಿಮ್ಮದೇ ಖಾಯಂ ಆಳುಗಳಿಗೆ 26ಎ ಕಾರ್ಡ್ (ಹೊರೆ ಕಾರ್ಮಿಕರಾಗಿ ನೋಂದಣಿಯಾದ ಗುರುತು ಚೀಟಿ) ಮಾಡಿಸಿಕೊಳ್ಳಬಹುದು. ಅದಕ್ಕೆ ಸಹಾಯಕ ಲೇಬರ್ ಆಫೀಸರ್‌ಗೆ ಅರ್ಜಿ ಕೊಡಬೇಕು. ಕಾರ್ಡ್ ಇಲ್ಲದೆ ಹೈಕೋರ್ಟಿಗೆ ಹೋದವರಿಗೆ "ಮೊದಲು ಕಾರ್ಡ್ ಮಾಡಿಸಿ" ಎಂಬ ಉತ್ತರ ಸಿಕ್ಕಿ ತಿಂಗಳುಗಳು ಹೋಗಿವೆ.

ಕೆಲಸ ಮಾಡದೆ, ನಿಂತು ನೋಡಿದ್ದಕ್ಕೆ ದುಡ್ಡು ಕೇಳುವ ನೋಕ್ಕುಕೂಲಿ ಮಾತ್ರ ಬೇರೆ ವಿಷಯ. ಸರಕಾರವೇ ಅದನ್ನು 2018ರ ಮೇ 1ರಿಂದ ನಿಲ್ಲಿಸಿದೆ. ಅದನ್ನು ಸುಲಿಗೆಯಾಗಿಯೇ ನೋಡಬೇಕು ಎಂದು 2021ರಲ್ಲಿ ಕೇರಳ ಹೈಕೋರ್ಟು ಖಡಾಖಂಡಿತ ಹೇಳಿತು. ಇಂಥದ್ದಕ್ಕೆ ಲೇಬರ್ ಆಫೀಸಿನ ಸಂಧಾನಕ್ಕೆ ಕಾಯಬೇಕಾಗಿಲ್ಲ, ನೇರ ಠಾಣೆಗೆ ಹೋಗಿ.

ಮೂರು, ಊರವರು. ವಾಸನೆ, ಹೊಗೆ, ಬಾವಿಗೆ ಹರಿದ ಕೊಳಚೆ ನೀರು. ಇದನ್ನು ಕಾರ್ಮಿಕ ವಿವಾದದ ವೇಷ ಹಾಕಿಸಿ ಕೋರ್ಟಿಗೆ ಒಯ್ಯಬೇಡಿ. ಸಿಕ್ಕಿಬೀಳುತ್ತೀರಿ.

ಹಂತ 2: ನಿಮ್ಮ ಮನೆಯ ಕಾಗದ ಮೊದಲು ನೋಡಿ

ಪಂಚಾಯತ್ ಲೈಸನ್ಸ್, ಮಾಲಿನ್ಯ ನಿಯಂತ್ರಣ ಮಂಡಳಿಯ ಅನುಮತಿ, ಕಾನೂನು ಕಾರ್ಖಾನೆ ಎಂದು ಲೆಕ್ಕಿಸುವಷ್ಟು ಜನ ಇದ್ದರೆ ಫ್ಯಾಕ್ಟರಿ ಲೈಸನ್ಸ್. ಇವು ಚಾಲ್ತಿಯಲ್ಲಿ ಇರಬೇಕು. ಅವಧಿ ಮುಗಿದ ಲೈಸನ್ಸ್ ಹಿಡಿದು "ನನಗೆ ವ್ಯಾಪಾರ ಮಾಡುವ ಹಕ್ಕಿದೆ, ರಕ್ಷಣೆ ಕೊಡಿ" ಎಂದರೆ ಎದುರು ವಕೀಲರಿಗೆ ಒಂದು ವಾಕ್ಯದ ಕೆಲಸ. ಸೀತಾಂಗೋಳಿಯಲ್ಲಿ ಕೇರಳ ಸರಕಾರದ ಕೈಗಾರಿಕಾ ಸಂಸ್ಥೆಯಾದ ಕಿನ್‌ಫ್ರಾದ ಪಾರ್ಕಿನಲ್ಲೋ ಅನಂತಪುರದ ಕೈಗಾರಿಕಾ ಪ್ರದೇಶದಲ್ಲೋ ಇರುವವರು ನಿವೇಶನದ ಹಂಚಿಕೆ ಪತ್ರವನ್ನೂ ಜೊತೆಗೆ ಇಡಿ.

ಆಮೇಲೆ ಸಂಬಳದ ರಿಜಿಸ್ಟರ್, ಪಿಎಫ್, ಇಎಸ್‌ಐ. ಬಾಕಿ ಇದ್ದರೆ ಅಡಗಿಸಬೇಡಿ. ಎರಡು ತಿಂಗಳ ಸಂಬಳ ಬಾಕಿ ಇಟ್ಟು, ಅರ್ಜಿಯಲ್ಲಿ "ಯಾವುದೇ ಕಾರಣವಿಲ್ಲದೆ ಮುಷ್ಕರ ಹೂಡಿದ್ದಾರೆ" ಎಂದು ಬರೆದರೆ, ಯೂನಿಯನ್‌ನ ವಕೀಲರು ಬಾಕಿ ಪಟ್ಟಿ ಮುಂದಿಟ್ಟ ಕ್ಷಣ ನಿಮ್ಮ ಅರ್ಜಿಯ ಉಳಿದ ಸತ್ಯವೂ ಸುಳ್ಳಾಗಿ ಕಾಣುತ್ತದೆ. ಬಾಕಿ ಎಷ್ಟು, ಯಾವಾಗ ಕೊಡುತ್ತೇವೆ ಎಂದು ನೀವೇ ಬರೆಯಿರಿ.

ಹಂತ 3: ಲೇಬರ್ ಆಫೀಸಿನ ಮೆಟ್ಟಿಲು ಹತ್ತಿ

"ಅಲ್ಲಿಗೆ ಹೋಗಿ ಏನು ಪ್ರಯೋಜನ" ಎಂದು ಇದನ್ನು ಹಾರಿಬಿಡುವವರೇ ಹೆಚ್ಚು. ಪ್ರಯೋಜನ ಕಾಗದದಲ್ಲಿದೆ. ಜಿಲ್ಲಾ ಲೇಬರ್ ಆಫೀಸರ್‌ಗೆ ವಿವಾದ ಇಂಥದ್ದು ಎಂದು ಬರೆದು ಕೊಡಿ, ಸಂಧಾನದ ಸಭೆಗೆ ಕರೆದರೆ ಹೋಗಿ, ಸಭೆಯ ನಡಾವಳಿಯ ಪ್ರತಿ ಕೇಳಿ ಪಡೆಯಿರಿ. "ಜಗಳ ತೀರಿಸಲು ಬೇರೆ ವೇದಿಕೆ ಇದೆ, ನಾವು ಅಲ್ಲಿ ಹಾಜರಿದ್ದೇವೆ, ಇಲ್ಲಿ ಕೇಳುವುದು ದಾರಿ ಮಾತ್ರ" ಎಂದು ನಿಮ್ಮ ವಕೀಲರು ನ್ಯಾಯಮೂರ್ತಿಗಳ ಮುಂದೆ ಹೇಳಬೇಕಾದರೆ ಈ ಕಾಗದ ಕೈಯಲ್ಲಿರಬೇಕು.

ಮುಷ್ಕರದ ನೋಟೀಸಿನ ಬಗ್ಗೆ ಒಂದು ಮಾತು. 2020ರ ಕೈಗಾರಿಕಾ ಸಂಬಂಧಗಳ ಸಂಹಿತೆ 2025ರ ನವೆಂಬರ್ 21ರಿಂದ ಜಾರಿಗೆ ಬಂದಿದೆ. ಅದರ ಪ್ರಕಾರ ಮುಷ್ಕರಕ್ಕೆ 14 ದಿನ ಮೊದಲೇ ನೋಟೀಸ್ ಕೊಡಬೇಕು. ಅರ್ಧಕ್ಕಿಂತ ಕಡಿಮೆಯಿಲ್ಲದಷ್ಟು ಕೆಲಸಗಾರರು ಒಟ್ಟಿಗೆ ರಜೆ ಹಾಕಿದರೆ ಅದೂ ಮುಷ್ಕರವೇ. ಲಾಕೌಟ್ ಮಾಡುವ ಮಾಲಕನಿಗೂ ಇಂಥದ್ದೇ ನಿಯಮ. ಆದರೆ ನೋಟೀಸ್ ಕೊಡದೆ ಮುಷ್ಕರ ಹೂಡಿದರು ಎಂಬುದು ಪೊಲೀಸ್ ರಕ್ಷಣೆಗೆ ಕಾರಣ ಆಗುವುದಿಲ್ಲ. ಕಾನೂನುಬಾಹಿರ ಮುಷ್ಕರಕ್ಕೆ ಅದರದೇ ಶಿಕ್ಷೆ ಇದೆ. ಪೊಲೀಸರು ಬರಬೇಕಾದರೆ ಗೇಟಿನಲ್ಲಿ ಏನಾದರೂ ನಡೆದಿರಬೇಕು.

ಹಂತ 4: ಗೇಟಿನ ಪುಸ್ತಕ

ಪೇಟೆಯಲ್ಲಿ ಸಿಗುವ 200 ಪುಟದ ಒಂದು ನೋಟುಪುಸ್ತಕ ತನ್ನಿ, ಪುಟಗಳಿಗೆ ಕೈಯಲ್ಲೇ ನಂಬರು ಹಾಕಿ, ವಾಚ್‌ಮನ್ ಮೇಜಿನ ಮೇಲೆ ಇಡಿ. ಪ್ರತಿ ಘಟನೆಗೂ ಐದು ಸಂಗತಿ ಬೇಕು: ದಿನ, ಗಂಟೆ, ಯಾವ ಗಾಡಿ ಅಥವಾ ಯಾರು ಒಳಬರಲು ನೋಡಿದ್ದು, ತಡೆದವರ ಹೆಸರು, ತಡೆದದ್ದು ಹೇಗೆ. ಅದೇ ಹೊತ್ತಿಗೆ ಬರೆಯಬೇಕು. ತಿಂಗಳ ಕೊನೆಗೆ ಒಂದೇ ಸಲ ಕುಳಿತು, ಒಂದೇ ಪೆನ್ನಿನಲ್ಲಿ ಬರೆದ ಪುಸ್ತಕ ದೂರದಿಂದಲೇ ಗೊತ್ತಾಗುತ್ತದೆ.

ಎರಡು ರೀತಿಯ ಬರಹ ನೋಡಿ.

"ಇವತ್ತು ಯೂನಿಯನ್‌ನವರು ಭಾರೀ ದೌರ್ಜನ್ಯ ಎಸಗಿದರು." ಇದರಿಂದ ಯಾರಿಗೂ ಉಪಯೋಗವಿಲ್ಲ.

"ಬೆಳಿಗ್ಗೆ 9.40ಕ್ಕೆ ಹಾಳೆ ತುಂಬಿದ ಲಾರಿ ಗೇಟಿಗೆ ಬಂತು. ಯೂನಿಟ್ ಸೆಕ್ರೆಟರಿ ಮತ್ತು ಜೊತೆಗೆ ಆರು ಮಂದಿ ಚಕ್ರದ ಮುಂದೆ ಕುಳಿತರು. ಡ್ರೈವರ್ ಹಾರ್ನ್ ಹಾಕಿದಾಗ ಒಬ್ಬರು ಬಾಗಿಲು ತೆರೆದು ಕೀ ಎಳೆದುಕೊಂಡರು. 11.15ಕ್ಕೆ ಲಾರಿ ಹಿಂದೆ ಹೋಯಿತು." ಇದು ಅರ್ಜಿಯ ಒಂದು ಪ್ಯಾರಾಗ್ರಾಫ್ ಆಗಿ ನೇರ ಕೂರುತ್ತದೆ.

ವೀಡಿಯೊ ತೆಗೆದ ಮೊಬೈಲನ್ನು ಹಾಗೇ ಇಟ್ಟುಕೊಳ್ಳಿ. ವಾಟ್ಸಾಪಿನಲ್ಲಿ ಊರಿಡೀ ಸುತ್ತಿ ಬಂದ ತುಣುಕು ಮಾತ್ರ ಉಳಿದು, ಮೂಲ ಅಳಿದುಹೋದ ಕೇಸುಗಳು ನನ್ನ ಮೇಜಿಗೇ ಬಂದಿವೆ. ಮುಂದೆ ಕ್ರಿಮಿನಲ್ ಕೇಸಿಗೆ ಬೇಕಾದಾಗ 2023ರ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಕೊಡಬೇಕಾಗುತ್ತದೆ. ಮೂಲ ಉಪಕರಣ ಇಲ್ಲದಿದ್ದರೆ ಅದು ತಲೆನೋವು. ಸಿಸಿಟಿವಿ ಇದ್ದರೆ ಹಳೆಯದರ ಮೇಲೆ ಹೊಸದು ಬರೆದುಕೊಳ್ಳುವ ಮುಂಚೆ ಆ ದಿನದ ಭಾಗವನ್ನು ತೆಗೆದಿಡಿ.

ಹಂತ 5: ಠಾಣೆ, ಅದರ ಮೇಲೆ ಎಸ್‌ಪಿ

ರಿಟ್ ಅರ್ಜಿ ಎಂದರೆ ಮಾಡಬೇಕಾದ ಕೆಲಸ ಮಾಡದ ಅಧಿಕಾರಿಗೆ "ಮಾಡು" ಎನ್ನಿಸುವುದು. ಹಾಗಾದರೆ ಮೊದಲು ನೀವು ಕೇಳಿರಬೇಕು, ಅವರು ಮಾಡದೆ ಇದ್ದಿರಬೇಕು. ಕೇಳಿದ್ದಕ್ಕೆ ಪುರಾವೆ ಇಲ್ಲದೆ ಹೈಕೋರ್ಟಿಗೆ ಹೋಗುವುದು ಟಿಕೇಟಿಲ್ಲದೆ ರೈಲು ಹತ್ತಿದ ಹಾಗೆ.

ಮಂಜೇಶ್ವರ, ಕುಂಬಳೆ, ಬದಿಯಡ್ಕ, ವಿದ್ಯಾನಗರ, ಆದೂರು, ಯಾವ ಠಾಣೆಯ ಸರಹದ್ದು ಎಂದು ಮೊದಲು ಖಚಿತ ಮಾಡಿಕೊಳ್ಳಿ. ದೂರನ್ನು ಎಸ್‌ಎಚ್‌ಒ (ಠಾಣೆಯ ಮುಖ್ಯಾಧಿಕಾರಿ) ಹೆಸರಿಗೆ ಬರೆಯಿರಿ, ರಶೀದಿ ತೆಗೆದುಕೊಳ್ಳಿ. ರಶೀದಿ ಕೊಡಲು ಮೀನಮೇಷ ಎಣಿಸಿದರೆ ಕೇರಳ ಪೊಲೀಸರ ತುಣ ಪೋರ್ಟಲಿನಲ್ಲಿ ಹಾಕಿ, ರಿಜಿಸ್ಟರ್ಡ್ ಅಂಚೆಯಲ್ಲೂ ಕಳಿಸಿ. ಹಳೆಯ ಸಿಆರ್‌ಪಿಸಿಯ ಜಾಗಕ್ಕೆ ಬಂದ ನಾಗರಿಕ ಸುರಕ್ಷಾ ಸಂಹಿತೆಯ 173ನೇ ಕಲಮಿನಲ್ಲಿ ಇ-ಮೇಲಿನಂಥ ಮಾರ್ಗದಿಂದಲೂ ಮಾಹಿತಿ ಕೊಡಬಹುದು, ಆದರೆ 3 ದಿನದೊಳಗೆ ಹೋಗಿ ಸಹಿ ಹಾಕಬೇಕು. ಎಫ್‌ಐಆರ್ ಆದರೆ ಅದರ ಪ್ರತಿ ನಿಮಗೆ ಉಚಿತ, ಕೇಳಿ ಪಡೆಯಿರಿ.

ದೂರಿನಲ್ಲಿ ಕಲಮುಗಳನ್ನು ಪಟ್ಟಿಮಾಡಬೇಡಿ, ನಡೆದದ್ದನ್ನು ಬರೆಯಿರಿ. ದಾರಿ ಅಡ್ಡಗಟ್ಟಿದ್ದೋ, ಕೂಡಿಹಾಕಿದ್ದೋ, ಸುಲಿಗೆಯೋ ಎಂದು ವಿಂಗಡಿಸುವುದು ಅವರ ಕೆಲಸ. ದೂರಿನ ಕೊನೆಗೆ ಎರಡು ಬೇಡಿಕೆ ಸ್ಪಷ್ಟವಾಗಿರಲಿ: ಕೇಸು ದಾಖಲಿಸಿ, ಇಂಥ ದಿನ, ಇಂಥ ಗಂಟೆಗೆ ಗಾಡಿ ಬರುತ್ತದೆ, ರಕ್ಷಣೆ ಕೊಡಿ. ಎರಡನೆಯದನ್ನು ಬರೆಯದವರೇ ಬಹಳ. ರಕ್ಷಣೆ ಕೇಳಲೇ ಇಲ್ಲ ಎಂದಾದರೆ ಕೊಡಲಿಲ್ಲ ಎಂದು ದೂರುವುದು ಹೇಗೆ?

ಕೆಲವು ದಿನ ಕಾದು ಏನೂ ಆಗದಿದ್ದರೆ ಅದೇ ದೂರಿನ ಪ್ರತಿ ಸೇರಿಸಿ ಜಿಲ್ಲಾ ಪೊಲೀಸ್ ಮುಖ್ಯಸ್ಥರಿಗೆ ಕೊಡಿ. ನಾವು ಈಗಲೂ ಎಸ್‌ಪಿ ಎನ್ನುತ್ತೇವೆ, ಕಾಗದದಲ್ಲಿ ಈ ಹೆಸರು ಬರೆಯಬೇಕು.

ಅಪಾಯದ ಸೂಚನೆ ಒಂದಿದೆ. ಠಾಣೆಯಲ್ಲಿ ಎರಡೂ ಕಡೆಯವರನ್ನು ಕೂರಿಸಿ "ಮಾತಾಡಿ ಮುಗಿಸಿ" ಎಂದು ಕಾಗದಕ್ಕೆ ಸಹಿ ಕೇಳಿದರೆ ಓದದೆ ಹಾಕಬೇಡಿ. "ಪರಸ್ಪರ ಒಪ್ಪಿ ದೂರು ಮುಕ್ತಾಯ" ಎಂಬ ಒಂದು ಸಾಲು ಮಲಯಾಳದಲ್ಲಿ ಅದರಲ್ಲಿ ಇದ್ದರೆ, ಮುಂದೆ ಸರಕಾರಿ ವಕೀಲರು ಅದನ್ನೇ ಓದಿ ಹೇಳುತ್ತಾರೆ.

ಹಂತ 6: ಭಾಷೆಯ ಕೆಲಸ

ಗಡಿಯಲ್ಲಿರುವ ನಮಗೆ ಮಾತ್ರ ಇರುವ ಹಂತ ಇದು. ಕೇರಳದ 1969ರ ಅಧಿಕೃತ ಭಾಷಾ ಕಾಯಿದೆ ಕನ್ನಡ ಅಲ್ಪಸಂಖ್ಯಾತರಿಗೆ ಇಲ್ಲಿನ ಸರಕಾರಿ ಕಚೇರಿಗಳೊಂದಿಗೆ ಕನ್ನಡದಲ್ಲಿ ವ್ಯವಹರಿಸುವ ಅವಕಾಶ ಕೊಟ್ಟಿದೆ. ಹಾಗಾಗಿ ಠಾಣೆಗೆ ಕನ್ನಡದಲ್ಲಿ ದೂರು ಕೊಡಲು ಸಂಕೋಚ ಬೇಡ. ಆದರೆ ಠಾಣೆಯ ರೈಟರ್ ತೆಂಕಣ ಜಿಲ್ಲೆಯಿಂದ ಬಂದವರಾಗಿದ್ದರೆ ಕನ್ನಡ ಓದಲಾರರು. ಜೊತೆಗೊಂದು ಮಲಯಾಳ ಪ್ರತಿ ಇಟ್ಟರೆ ನಿಮ್ಮದೇ ಸಮಯ ಉಳಿಯುತ್ತದೆ.

ಹೈಕೋರ್ಟಿನ ಭಾಷೆ ಇಂಗ್ಲಿಷ್. ಕನ್ನಡ ದೂರು, ಮಲಯಾಳ ಎಫ್‌ಐಆರ್, ಯೂನಿಯನ್ ಹಂಚಿದ ಕರಪತ್ರ, ಎಲ್ಲಕ್ಕೂ ಅನುವಾದ ಬೇಕು. ಇಲ್ಲಿ ನನ್ನ ಒಂದು ತಪ್ಪು ಹೇಳಿಬಿಡುತ್ತೇನೆ. ವರ್ಷಗಳ ಹಿಂದೆ ಒಂದು ದೂರಿನಲ್ಲಿ "ಲಾರಿಗೆ ಅಡ್ಡ ಬಂದರು" ಎಂದಿತ್ತು. ಅವಸರದಲ್ಲಿ ನಾನು ಅದನ್ನು "ವಿರೋಧಿಸಿದರು" ಎಂಬರ್ಥದ ಇಂಗ್ಲಿಷ್ ಪದಕ್ಕೆ ಇಳಿಸಿದ್ದೆ. ವಿರೋಧಿಸುವುದು ಅವರ ಹಕ್ಕಲ್ಲವೇ ಎಂಬ ಪ್ರಶ್ನೆ ಅಲ್ಲಿಂದ ಬಂತು, ಅನುವಾದ ತಿದ್ದಿ ಮತ್ತೆ ಸಲ್ಲಿಸುವಾಗ ಎರಡು ವಾರ ಹೋಯಿತು. ಆ ಎರಡು ವಾರ ಮಾಲಕರ ಮುಖ ನೋಡಲು ನನಗೆ ಧೈರ್ಯ ಇರಲಿಲ್ಲ. ಅನುವಾದ ಕೈಗೆ ಬಂದಾಗ ಕ್ರಿಯಾಪದಗಳನ್ನು ನೀವೇ ಕುಳಿತು ನೋಡಿ: ತಡೆದರು, ತಳ್ಳಿದರು, ಬೆದರಿಸಿದರು, ಕೂಗಿದರು. ಕೇಸು ನಿಂತಿರುವುದು ಆ ನಾಲ್ಕು ಪದಗಳ ಮೇಲೆ.

ಹಂತ 7: ಅರ್ಜಿ

ಮೊದಲು ಕೋರ್ಟು ಸರಿಯಿರಲಿ. ಮಾಲಕರ ಮನೆ ಮಂಗಳೂರಿನಲ್ಲಿ, ಲಾರಿ ಕರ್ನಾಟಕ ನೋಂದಣಿಯದ್ದು, ವಕೀಲರೂ ಅಲ್ಲಿಯವರೇ. ಆದರೂ ಗೇಟು ಕೇರಳದಲ್ಲಿದ್ದರೆ ಅರ್ಜಿ ಎರ್ನಾಕುಳಂನ ಕೇರಳ ಹೈಕೋರ್ಟಿಗೇ, ಸಂವಿಧಾನದ 226ನೇ ವಿಧಿಯಡಿ. ಲಾರಿಯನ್ನು ತಲಪಾಡಿಯಿಂದ ಆಚೆ ತಡೆದಿದ್ದರೆ ಮಾತ್ರ ಅದು ಉಳ್ಳಾಲ ಠಾಣೆಯ ವಿಷಯ. ಈಗ ಫೈಲಿಂಗ್ ಆನ್‌ಲೈನಿನಲ್ಲಿ ನಡೆಯುತ್ತದೆ, ಅಫಿಡವಿಟ್‌ಗೆ ಇಲ್ಲೇ ಸಹಿ ಹಾಕಿ ಕಳಿಸಬಹುದು. ರಾತ್ರಿ ರೈಲಿನಲ್ಲಿ ಫೈಲು ತಲೆದಿಂಬು ಮಾಡಿ ಹೋಗುವ ಕಾಲ ಮುಗಿಯಿತು.

ಪ್ರತಿವಾದಿಗಳು ಯಾರು ಎಂಬಲ್ಲಿ ಎಡವುವವರು ಬಹಳ. ರಾಜ್ಯ ಸರಕಾರ, ರಾಜ್ಯ ಮತ್ತು ಜಿಲ್ಲಾ ಪೊಲೀಸ್ ಮುಖ್ಯಸ್ಥರು, ನಿಮ್ಮ ಠಾಣೆಯ ಎಸ್‌ಎಚ್‌ಒ ಇಷ್ಟು ಮಂದಿಯನ್ನು ಎಲ್ಲರೂ ಸೇರಿಸುತ್ತಾರೆ. ಗೇಟಿನಲ್ಲಿ ನಿಂತವರನ್ನು ಮಾತ್ರ "ಯೂನಿಯನ್ ಮತ್ತು ಇತರರು" ಎಂದು ಒಂದೇ ಸಾಲಿನಲ್ಲಿ ಮುಗಿಸುತ್ತಾರೆ. ಆದೇಶ ಬಂದರೂ ಅದಕ್ಕೆ ಯಾರು ಕಟ್ಟುಬೀಳಬೇಕು? ಯೂನಿಯನ್ನನ್ನು ಅದರ ಸೆಕ್ರೆಟರಿಯ ಮೂಲಕ, ಮುಂದೆ ನಿಂತು ತಡೆದವರನ್ನು ಹೆಸರು ವಿಳಾಸ ಸಹಿತ ಸೇರಿಸಿ. ಆ ದಿನ ಅಲ್ಲಿ ಇಲ್ಲದವನ ಹೆಸರು ಹಳೆಯ ದ್ವೇಷಕ್ಕೆ ಸೇರಿಸಬೇಡಿ. ಒಬ್ಬ ಆಸ್ಪತ್ರೆಯ ಚೀಟಿ ತಂದು ತೋರಿಸಿದರೆ ಉಳಿದವರ ಮೇಲಿನ ಮಾತೂ ಸಡಿಲವಾಗುತ್ತದೆ.

ಬೇಡಿಕೆ ಚಿಕ್ಕದಾಗಿರಲಿ. ಮಾಲಕರು, ಕೆಲಸಕ್ಕೆ ಬರಲು ಒಪ್ಪುವ ನೌಕರರು ಮತ್ತು ಸರಕಿನ ಗಾಡಿಗಳು ಅಡ್ಡಿಯಿಲ್ಲದೆ ಒಳಹೋಗಿ ಹೊರಬರಲು ಸಾಕಷ್ಟು, ಪರಿಣಾಮಕಾರಿ ರಕ್ಷಣೆ ಕೊಡಿಸಬೇಕು. ಅರ್ಜಿ ತೀರ್ಮಾನ ಆಗುವವರೆಗೆ ಅದೇ ಮಧ್ಯಂತರ ಆದೇಶ. ಅಷ್ಟೇ. "ಮುಷ್ಕರವನ್ನು ಅಕ್ರಮವೆಂದು ಘೋಷಿಸಿ", "ಯೂನಿಯನ್ ರದ್ದು ಮಾಡಿ", "ನಷ್ಟ ಕೊಡಿಸಿ" ಎಂದೆಲ್ಲ ಸೇರಿಸಿದರೆ, ಅದಕ್ಕೆ ಬೇರೆ ಕೋರ್ಟಿದೆ ಎಂದು ಇಡೀ ಅರ್ಜಿಯನ್ನೇ ಅತ್ತ ಕಳಿಸುವ ಸಾಧ್ಯತೆ ಹೆಚ್ಚು.

ಹಾಗೆಂದು ಎಲ್ಲದಕ್ಕೂ ಹೈಕೋರ್ಟೇ ಬೇಕೆಂದಿಲ್ಲ. ಇಂಥವರೇ ತಡೆಯುತ್ತಾರೆ ಎಂದು ಗೊತ್ತಿದ್ದು, ಹಿಂಸೆ ನಡೆಯದೆ ಬರೇ ಬೆದರಿಕೆ ಇದ್ದರೆ ಕಾಸರಗೋಡಿನ ಮುನ್ಸಿಫ್ ಕೋರ್ಟಿನಲ್ಲಿ ತಡೆಯಾಜ್ಞೆ ಕೇಳುವುದು ಹತ್ತಿರದ ದಾರಿ. ಆ ತಡೆಯಾಜ್ಞೆ ಮುರಿದಾಗ ಪೊಲೀಸರ ನೆರವು ಕೇಳುವುದಕ್ಕೂ ಗಟ್ಟಿ ಆಧಾರ ಸಿಗುತ್ತದೆ. ಹೈಕೋರ್ಟಿನ ಬೇಸಿಗೆ ರಜೆ, ಓಣಂ, ಕ್ರಿಸ್‌ಮಸ್ ರಜೆಗಳನ್ನೂ ಲೆಕ್ಕಕ್ಕೆ ಇಟ್ಟುಕೊಳ್ಳಿ. ಆಗ ರಜಾಪೀಠ ಕೂರುವುದು ಆಯ್ದ ದಿನಗಳಲ್ಲಿ ಮಾತ್ರ.

ಹಂತ 8: ಮೊದಲ ವಿಚಾರಣೆಯ ದಿನ

ಸರಕಾರಿ ವಕೀಲರು ಠಾಣೆಯಿಂದ ಮಾಹಿತಿ ತರಿಸುತ್ತಾರೆ. ಯೂನಿಯನ್‌ನವರಿಗೆ ತುರ್ತು ನೋಟೀಸ್ ಹೋಗಬೇಕಾದರೆ ವಿಶೇಷ ದೂತನ ಮೂಲಕ ತಲುಪಿಸಲು ಅನುಮತಿ ಕೇಳಬಹುದು. ವಿಳಾಸ ಸರಿಯಿಲ್ಲದಿದ್ದರೆ ಈ ದೂತ ಉಪ್ಪಳದಿಂದ ಮುಳ್ಳೇರಿಯಕ್ಕೆ ಅಲೆದು ವಾಪಸಾಗುತ್ತಾನೆ.

ಆ ದಿನ ನಿಮ್ಮ ಫೋನು ಎತ್ತುವ ಹಾಗಿರಲಿ. "ಬಾಕಿ ಸಂಬಳ ಯಾವಾಗ ಕೊಡುತ್ತೀರಿ?" ಎಂಬ ಪ್ರಶ್ನೆ ಪೀಠದಿಂದ ಬಂದರೆ ವಕೀಲರು ಅಲ್ಲಿಂದಲೇ ನಿಮ್ಮನ್ನು ಕೇಳುತ್ತಾರೆ. ಕರೆ ಸಿಗದೆ ಒಂದು ತಾರೀಕು ಮುಂದೆ ಹೋದದ್ದು ನೋಡಿದ್ದೇನೆ. ಆಗ ಮಾಲಕರು ಮದುವೆಯೊಂದರಲ್ಲಿ ಊಟದ ಪಂಕ್ತಿಯಲ್ಲಿ ಇದ್ದರಂತೆ.

ಹಂತ 9: ಆದೇಶ ಬಂದ ಮೇಲೆ

ಆದೇಶದ ಪ್ರತಿಯನ್ನು ಒಂದು ಪತ್ರದ ಜೊತೆ ಎಸ್‌ಎಚ್‌ಒಗೆ ಕೊಟ್ಟು ಸೀಲು ಹಾಕಿಸಿಕೊಳ್ಳಿ. ಒಂದು ಪ್ರತಿ ಎಸ್‌ಪಿ ಕಚೇರಿಗೆ. ಯೂನಿಯನ್ ಸೆಕ್ರೆಟರಿಗೂ ಅಂಚೆಯಲ್ಲಿ ಕಳಿಸಿ; ಆದೇಶ ಗೊತ್ತೇ ಇರಲಿಲ್ಲ ಎನ್ನಲು ಎಡೆ ಇರಬಾರದು.

ಆದೇಶ ಓದುವಾಗ ಷರತ್ತು ಹುಡುಕಿ. ಶಾಂತ ಪ್ರತಿಭಟನೆಗೆ ಅಡ್ಡಿಯಿಲ್ಲ ಎಂದು ಸಾಮಾನ್ಯವಾಗಿ ಇರುತ್ತದೆ. ಕೆಲವೊಮ್ಮೆ ಗೇಟಿನಿಂದ ಇಂತಿಷ್ಟು ಮೀಟರು ದೂರ ಎಂದೂ ಇರುತ್ತದೆ. ಟೆಂಟನ್ನು ಕಿತ್ತುಹಾಕಿಸುವ ಅಧಿಕಾರ ಸಿಕ್ಕಿತು ಎಂದು ಹಾರಾಡಬೇಡಿ. ಪೊಲೀಸರು ಹಗಲು ರಾತ್ರಿ ನಿಮ್ಮ ಗೇಟಿನಲ್ಲಿ ಪಹರೆ ನಿಲ್ಲುವುದೂ ಇಲ್ಲ. ಗಾಡಿ ಯಾವಾಗ ಬರುತ್ತದೆ ಎಂದು ಹಿಂದಿನ ದಿನವೇ ಬರೆದು ತಿಳಿಸಿ. ಮೊದಲ ದಿನ ಒಂದೇ ಲಾರಿ, ಹಗಲು ಹೊತ್ತಿನಲ್ಲಿ. ಐದು ಲಾರಿ ಸಾಲಾಗಿ ತಂದು ಪಟಾಕಿ ಹೊಡೆದವರೊಬ್ಬರಿದ್ದರು. ಅಲ್ಲಿ ಬಿದ್ದ ಕಲ್ಲಿನ ಕೇಸು ಇನ್ನೂ ನಡೆಯುತ್ತಿದೆ. ಬಾಡಿಗೆ ಗೂಂಡಾಗಳನ್ನು ಗೇಟಿನಲ್ಲಿ ನಿಲ್ಲಿಸಿದರೆ ಕೈಯಲ್ಲಿರುವ ಆದೇಶವನ್ನು ನೀವೇ ಹರಿದ ಹಾಗೆ.

ಲೇಬರ್ ಆಫೀಸಿನ ಸಭೆಗಳಿಗೆ ಈಗಲೂ ಹೋಗುತ್ತಿರಬೇಕು. ಗೇಟು ತೆರೆಯಿತಲ್ಲ ಎಂದು ಅತ್ತ ತಲೆ ಹಾಕದವರ ಮಧ್ಯಂತರ ಆದೇಶ ಮುಂದಿನ ತಾರೀಕಿನಲ್ಲಿ ಉಳಿಯುವುದು ಕಷ್ಟ.

ಹಂತ 10: ಮತ್ತೆ ತಡೆದರೆ

ಮೊದಲು 112ಕ್ಕೆ ಕರೆ, ಗಂಟೆ ಬರೆದಿಡಿ. ಅದೇ ದಿನ ಆದೇಶದ ಪ್ರತಿ ಸೇರಿಸಿ ಠಾಣೆಗೆ ಲಿಖಿತ ದೂರು. ಮರುದಿನ ಎಸ್‌ಪಿಗೆ. ಪೊಲೀಸರು ಬಂದು ನಿಂತು ನೋಡಿ ಹೋದರೆ ಅದನ್ನೂ ಗೇಟಿನ ಪುಸ್ತಕದಲ್ಲಿ ಬರೆಯಿರಿ: ಎಷ್ಟು ಗಂಟೆಗೆ ಬಂದರು, ಎಷ್ಟು ಮಂದಿ, ಎಷ್ಟು ಹೊತ್ತು ಇದ್ದರು, ಲಾರಿ ಒಳಗೆ ಹೋಯಿತೇ.

ಇಷ್ಟಾದ ಮೇಲೆ ನ್ಯಾಯಾಂಗ ನಿಂದನೆಯ ಅರ್ಜಿ. ಬೇಕೆಂದೇ ಆದೇಶ ಮುರಿದರು ಎಂದು ತೋರಿಸಬೇಕು, ಹಾಗಾಗಿ ಆದೇಶ ಅವರ ಕೈಸೇರಿದ ರಶೀದಿ ಇಲ್ಲಿ ಬೇಕಾಗುತ್ತದೆ. 1971ರ ಕಾಯಿದೆಯಂತೆ ಇದಕ್ಕೆ ಘಟನೆಯಿಂದ 1 ವರ್ಷದ ಗಡುವು. ಒಪ್ಪಂದಕ್ಕೆ ಸಹಿ ಬಿದ್ದು ಎಲ್ಲ ತಣ್ಣಗಾದರೆ ಅದೇ ದಿನ ಎರ್ನಾಕುಳಂನ ವಕೀಲರಿಗೆ ತಿಳಿಸಿ, ಅರ್ಜಿ ಮುಗಿಸಲು ಹೇಳಿ. ಗೇಟಿನ ಪುಸ್ತಕವನ್ನು ಮಾತ್ರ ರದ್ದಿಗೆ ಹಾಕಬೇಡಿ, ಬೀರುವಿನಲ್ಲಿ ಇಡಿ.